ಪುಷ್ಪಕ, ಮರುಬಳಕೆ ರಾಕೆಟ್, ಹೈಪರ್‌ಸಾನಿಕ್ ಹಾರಾಟ: ಪದೇ ಪದೇ ಕೇಳುವ ಪ್ರಶ್ನೆಗಳು

ಚಳ್ಳಕೆರೆ ಹತ್ತಿರದ ರನ್‌ವೇ ಮೇಲೆ ಇಸ್ರೋದ ಪುಷ್ಪಕ ಇಳಿದ ವಿಡಿಯೋ ಎಲ್ಲರ ಫೋನಿಗೂ ಬಂತು. ಆಗಿನಿಂದ ನೆಂಟರು, ಹಳೆ ಕ್ಲಾಸ್‌ಮೇಟ್‌ಗಳು, ಪಕ್ಕದ ಮನೆಯ ಪಿಯುಸಿ ಹುಡುಗಿ, ಎಲ್ಲರೂ ನನ್ನನ್ನು ಹೆಚ್ಚುಕಡಿಮೆ ಅದೇ ಪ್ರಶ್ನೆಗಳನ್ನು ಕೇಳುತ್ತಿದ್ದಾರೆ. ಕೆಲವರು ಪುಷ್ಪಕ ಬಾಹ್ಯಾಕಾಶಕ್ಕೆ ಹೋಗಿ ಬಂದಿದೆ ಅಂದುಕೊಂಡಿದ್ದಾರೆ. ಇನ್ನು ಕೆಲವರು ಹೆಲಿಕಾಪ್ಟರ್‌ನಿಂದ ಕೆಳಗೆ ಬಿಟ್ಟಿದ್ದಷ್ಟೇ, ಅದರಲ್ಲೇನಿದೆ ಅನ್ನುತ್ತಾರೆ. ಎರಡೂ ಸರಿಯಲ್ಲ. ಬಿಡಿಬಿಡಿಯಾಗಿ ಹೇಳಿ ಹೇಳಿ ಅರ್ಧ ಮಾತು ಬಿಟ್ಟುಹೋಗುತ್ತಿತ್ತು, ಹಾಗಾಗಿ ಎಲ್ಲವನ್ನೂ ಒಂದೇ ಕಡೆ ಬರೆದಿಟ್ಟಿದ್ದೇನೆ.

ಪುಷ್ಪಕ ವಿಮಾನವೋ, ರಾಕೆಟ್ಟೋ?

ರೆಕ್ಕೆ ಇರುವ ಬಾಹ್ಯಾಕಾಶ ನೌಕೆಯ ಚಿಕ್ಕ ಮಾದರಿ ಅನ್ನಿ. ರಾಕೆಟ್ಟಿನ ಹಾಗೆ ಮೇಲೆ ಹೋಗಿ ವಿಮಾನದ ಹಾಗೆ ಕೆಳಗೆ ಇಳಿಯುವುದು ಅದರ ಹಿಂದಿನ ಯೋಚನೆ. ಇದರ ಅಧಿಕೃತ ಹೆಸರು ಆರ್‌ಎಲ್‌ವಿ-ಟಿಡಿ, ಅಂದರೆ ಮರುಬಳಕೆಯ ಉಡಾವಣಾ ವಾಹನದ ತಂತ್ರಜ್ಞಾನ ಪ್ರದರ್ಶನ. 2016ರಲ್ಲಿ ಹಾರಿದ ಮೊದಲ ವಾಹನದ ಉದ್ದ 6.5 ಮೀಟರ್, ತೂಕ ಸುಮಾರು 1.75 ಟನ್. ಒಂದು ದೊಡ್ಡ ಕಾರಿನಷ್ಟು ತೂಕ, ಅಷ್ಟೇ. ಅದರೊಳಗೆ ಇಂಜಿನ್ ಇಲ್ಲ. ಮೇಲಕ್ಕೆ ಬೇರೆ ಯಾರಾದರೂ ಒಯ್ಯಬೇಕು, ಕೆಳಗೆ ತಾನೇ ತೇಲಿಕೊಂಡು ಬರುತ್ತದೆ.

ಹೆಲಿಕಾಪ್ಟರ್‌ನಿಂದ ಬಿಟ್ಟು ಇಳಿಸಿದ್ದು ಮಾತ್ರ ಅಲ್ವಾ? ಅದರಲ್ಲೇನು ದೊಡ್ಡ ವಿಷಯ?

ನನಗೆ ಅತಿ ಹೆಚ್ಚು ಬರುವ ಪ್ರಶ್ನೆ ಇದು, ಆದ್ದರಿಂದ ಸ್ವಲ್ಪ ನಿಧಾನವಾಗಿ ಹೇಳುತ್ತೇನೆ.

ಒಟ್ಟು ಮೂರು ಸಲ ಇಳಿಸಿದ್ದಾರೆ. ಮೊದಲನೆಯದು 2023ರ ಏಪ್ರಿಲ್ 2, ಎರಡನೆಯದು 2024ರ ಮಾರ್ಚ್ 22, ಮೂರನೆಯದು ಅದೇ ವರ್ಷ ಜೂನ್ 23. ಮೂರೂ ಸಲ ವಾಯುಪಡೆಯ ಚಿನೂಕ್ ಹೆಲಿಕಾಪ್ಟರ್ ಇದನ್ನು ತೂಗುಹಾಕಿಕೊಂಡು ಮೇಲೆ ಹೋಯಿತು. ಮೂರನೆಯ ಸಲ ಬಿಟ್ಟಾಗ ಎತ್ತರ 4.5 ಕಿ.ಮೀ., ರನ್‌ವೇ ಇದ್ದದ್ದೂ 4.5 ಕಿ.ಮೀ. ದೂರದಲ್ಲಿ. ಈಗ ಒಂದು ಲೆಕ್ಕ ಹಾಕಿ. ನೀವು ಬೆಂಗಳೂರಿಗೆ ಬರುವ ಮಾಮೂಲಿ ವಿಮಾನದಲ್ಲಿ ಕೂತಿದ್ದರೆ, ರನ್‌ವೇಗೆ 4.5 ಕಿ.ಮೀ. ಇರುವಾಗ ನಿಮ್ಮ ಎತ್ತರ ಬರೀ 240 ಮೀಟರ್ ಆಸುಪಾಸು. ಪುಷ್ಪಕ ಅದೇ ದೂರದಲ್ಲಿ ಅದರ ಹದಿನೆಂಟು ಪಟ್ಟಿಗಿಂತ ಜಾಸ್ತಿ ಎತ್ತರದಲ್ಲಿತ್ತು. ಅಲ್ಲಿಂದ ಮೂತಿ ತಗ್ಗಿಸಿ, ವೇಗ ಹಿಡಿದು, ನೆಲದ ಹತ್ತಿರ ಸರಿಯಾದ ಹೊತ್ತಿಗೆ ಮೂತಿ ಎತ್ತಿ ಇಳಿಯಬೇಕು. ಇಂಜಿನ್ ಇಲ್ಲವಲ್ಲ, ಹಾಗಾಗಿ ತಪ್ಪಿದರೆ ಇನ್ನೊಂದು ಸುತ್ತು ಹಾಕಿ ಬರುವ ಅವಕಾಶವೇ ಇಲ್ಲ. ಒಳಗೆ ಪೈಲಟ್ ಇಲ್ಲ. ದೂರದಿಂದ ಯಾರೂ ಓಡಿಸುತ್ತಲೂ ಇಲ್ಲ.

ಸಾಲದ್ದಕ್ಕೆ ಮೂರನೆಯ ಸಲ ಅದನ್ನು ಬೇಕಂತಲೇ ರನ್‌ವೇಯ ನೇರಕ್ಕೆ ಬಿಡದೆ 500 ಮೀಟರ್ ಪಕ್ಕಕ್ಕೆ ಬಿಟ್ಟರು. ಗಾಳಿಯೂ ಜೋರಾಗಿತ್ತು. ಅದು ತಾನೇ ಪಕ್ಕಕ್ಕೆ ಸರಿದು, ರನ್‌ವೇಯ ನಡುಗೆರೆ ಹಿಡಿದು, ಗಂಟೆಗೆ 320 ಕಿ.ಮೀ.ಗಿಂತ ಹೆಚ್ಚು ವೇಗದಲ್ಲಿ ನೆಲ ಮುಟ್ಟಿತು. ಪ್ರಯಾಣಿಕರ ವಿಮಾನ ನೆಲ ಮುಟ್ಟುವುದು 260 ಕಿ.ಮೀ. ಆಸುಪಾಸಿನಲ್ಲಿ, ಯುದ್ಧ ವಿಮಾನ 280ರ ಆಸುಪಾಸಿನಲ್ಲಿ. ಆಮೇಲೆ ಹಿಂದಿನಿಂದ ಪ್ಯಾರಾಚೂಟ್ ಬಿಚ್ಚಿಕೊಂಡು ವೇಗವನ್ನು ಸುಮಾರು 100ಕ್ಕೆ ತಂದಿತು, ಉಳಿದದ್ದನ್ನು ಚಕ್ರದ ಬ್ರೇಕ್ ನೋಡಿಕೊಂಡಿತು.

ನನಗೆ ಎಲ್ಲಕ್ಕಿಂತ ಖುಷಿ ಕೊಟ್ಟ ವಿಷಯ ಹೆಚ್ಚು ಸುದ್ದಿಯಾಗಲೇ ಇಲ್ಲ. ಮಾರ್ಚ್‌ನಲ್ಲಿ ಇಳಿದ ಅದೇ ವಾಹನವನ್ನು, ಅದೇ ಉಪಕರಣಗಳ ಜೊತೆ, ಏನೂ ಬದಲಾಯಿಸದೆ ಜೂನ್‌ನಲ್ಲಿ ಮತ್ತೆ ಹಾರಿಸಿದರು. ಮರುಬಳಕೆ ಅನ್ನುವ ಪದಕ್ಕೆ ಅರ್ಥ ಬರುವುದು ಅಲ್ಲೇ.

ಅಷ್ಟು ವೇಗದಲ್ಲಿ ಯಾಕೆ ಇಳಿಯಬೇಕು? ರೆಕ್ಕೆ ದೊಡ್ಡದು ಮಾಡಿದರೆ ನಿಧಾನವಾಗಿ ಬರುವುದಿಲ್ಲವೇ?

ಬರುತ್ತದೆ. ಆದರೆ ಅದೇ ರೆಕ್ಕೆ ಮೇಲಿನಿಂದ ಶಬ್ದದ 20 ಪಟ್ಟು ವೇಗದಲ್ಲಿ ಗಾಳಿಯೊಳಗೆ ನುಗ್ಗುವಾಗ ಸುಟ್ಟುಹೋಗುತ್ತದೆ. ಅತಿ ವೇಗಕ್ಕೆ ಗಿಡ್ಡ, ದಪ್ಪ, ಮೊಂಡು ಆಕಾರ ಬೇಕು. ನಿಧಾನವಾಗಿ ತೇಲಲು ಉದ್ದ, ತೆಳು ರೆಕ್ಕೆ ಬೇಕು. ಒಂದೇ ವಾಹನ ಎರಡನ್ನೂ ಮಾಡಬೇಕಾದಾಗ ಸುಡದೇ ಇರುವುದಕ್ಕೆ ಮೊದಲ ಮಣೆ, ಇಳಿಯುವ ವೇಗ ಜಾಸ್ತಿಯಾದರೆ ಸಹಿಸಿಕೊಳ್ಳಬೇಕು. ಅಮೆರಿಕದ ಸ್ಪೇಸ್ ಶಟಲ್ ಕೂಡ ಇದೇ ಕಾರಣಕ್ಕೆ ಕಲ್ಲು ಬಿದ್ದ ಹಾಗೆ ಕಡಿದಾಗಿ ಇಳಿಯುತ್ತಿತ್ತು.

ಮ್ಯಾಕ್ ಅಂದರೇನು? ಸೂಪರ್‌ಸಾನಿಕ್, ಹೈಪರ್‌ಸಾನಿಕ್ ಅಂತ ಬೇರೆ ಬೇರೆ ಯಾಕೆ?

ಶಬ್ದ ಎಷ್ಟು ವೇಗವಾಗಿ ಹೋಗುತ್ತದೋ ಅದು ಮ್ಯಾಕ್ 1. ಸಮುದ್ರ ಮಟ್ಟದಲ್ಲಿ ಗಂಟೆಗೆ ಸುಮಾರು 1,225 ಕಿ.ಮೀ. ಮೇಲಿನ ತಣ್ಣನೆ ಗಾಳಿಯಲ್ಲಿ ಸ್ವಲ್ಪ ಕಡಿಮೆ. ಅದನ್ನು ದಾಟಿದರೆ ಸೂಪರ್‌ಸಾನಿಕ್. ಮ್ಯಾಕ್ 5 ದಾಟಿದರೆ ಹೈಪರ್‌ಸಾನಿಕ್ ಅನ್ನುವುದು ವಾಡಿಕೆ. ಐದಕ್ಕೆ ಸರಿಯಾಗಿ ಗೆರೆ ಎಳೆದ ಹಾಗೆ ಏನೂ ಬದಲಾಗುವುದಿಲ್ಲ, ಆದರೆ ಆ ಆಸುಪಾಸಿನಿಂದ ಬಿಸಿಯೇ ಮುಖ್ಯ ಸಮಸ್ಯೆಯಾಗುತ್ತದೆ. ಇನ್ನೂ ಮೇಲೆ ಹೋದರೆ ಗಾಳಿಯ ಅಣುಗಳೇ ಒಡೆಯಲು ಶುರುವಾಗುತ್ತವೆ.

ವಾಪಸ್ ಬರುವಾಗ ಬಿಸಿಯಾಗುವುದು ಗಾಳಿ ಉಜ್ಜಿ ತಾನೇ?

ಹೆಚ್ಚಿನವರು ಹಾಗೇ ಅಂದುಕೊಂಡಿದ್ದಾರೆ, ಶಾಲೆಯಲ್ಲೂ ಹಾಗೇ ಹೇಳಿಕೊಡುತ್ತಾರೆ. ಉಜ್ಜುವುದರಿಂದ ಬರುವ ಬಿಸಿಯೂ ಇದೆ, ಆದರೆ ಮುಖ್ಯ ಕಾರಣ ಬೇರೆ. ಸೈಕಲ್ ಪಂಪ್ ಹೊಡೆದಿದ್ದೀರಾ? ನಾಲ್ಕು ಸಲ ಜೋರಾಗಿ ಒತ್ತಿದರೆ ಪಂಪಿನ ತುದಿ ಬೆಚ್ಚಗಾಗುತ್ತದೆ. ಗಾಳಿಯನ್ನು ಹಿಂಡಿದರೆ ಅದು ಬಿಸಿಯಾಗುತ್ತದೆ. ನೌಕೆ ಅತಿ ವೇಗದಲ್ಲಿ ಬಂದಾಗ ಮುಂದಿನ ಗಾಳಿಗೆ ಪಕ್ಕಕ್ಕೆ ಸರಿಯಲು ಪುರುಸೊತ್ತೇ ಸಿಗುವುದಿಲ್ಲ. ಅಲ್ಲೇ ಅಪ್ಪಚ್ಚಿಯಾಗಿ ಸಾವಿರಾರು ಡಿಗ್ರಿಗೆ ಏರುತ್ತದೆ.

ಇಲ್ಲಿ ಒಂದು ಚಂದದ ಕಥೆ ಇದೆ. 1950ರ ದಶಕದ ಆರಂಭದವರೆಗೂ ಎಲ್ಲರೂ ಮೂತಿ ಸೂಜಿಯ ಹಾಗೆ ಚೂಪಾಗಿದ್ದರೆ ಒಳ್ಳೆಯದು ಅಂದುಕೊಂಡಿದ್ದರು. ಅಮೆರಿಕದ ಏಮ್ಸ್ ಪ್ರಯೋಗಾಲಯದ ಜೂಲಿಯನ್ ಆ್ಯಲನ್ ಲೆಕ್ಕ ಹಾಕಿ ನೋಡಿದರೆ ಉತ್ತರ ಉಲ್ಟಾ ಬಂತು. ಮೂತಿ ಮೊಂಡಾಗಿದ್ದರೆ ಮುಂದಿನ ಗಾಳಿ ಹಿಂಡಿ ಗೋಡೆಯಂತಾದ ಆಘಾತದ ಅಲೆ ಮೈಗೆ ಅಂಟಿಕೊಳ್ಳದೆ ಮುಂದೆಯೇ ನಿಲ್ಲುತ್ತದೆ, ಬಿಸಿಯ ಬಹುಪಾಲು ಗಾಳಿಯಲ್ಲೇ ಉಳಿದು ಪಕ್ಕದಿಂದ ಹರಿದುಹೋಗುತ್ತದೆ. ಗಗನಯಾತ್ರಿಗಳನ್ನು ವಾಪಸ್ ತರುವ ಗೂಡುಗಳೆಲ್ಲ ಬೋಂಡಾದ ಹಾಗೆ ಗುಂಡಗಿರುವುದಕ್ಕೆ ಇದೇ ಕಾರಣ. ಪುಷ್ಪಕದ ಮೂತಿಯೂ ಮೊಂಡೇ.

2016ರಲ್ಲಿ ಅದು ಬಾಹ್ಯಾಕಾಶಕ್ಕೆ ಹೋಗಿ ಬಂದಿತ್ತಲ್ಲ?

ಇಲ್ಲ. ಇದನ್ನು ಸ್ಪಷ್ಟವಾಗಿ ಹೇಳಲೇಬೇಕು. 2016ರ ಮೇ 23ರ ಬೆಳಿಗ್ಗೆ 7 ಗಂಟೆಗೆ ಶ್ರೀಹರಿಕೋಟಾದಿಂದ ಒಂದು ಘನ ಇಂಧನದ ಬೂಸ್ಟರ್ ಮೇಲೆ ಕೂರಿಸಿ ಹಾರಿಸಿದರು. ಬೂಸ್ಟರ್ ಸುಮಾರು ಒಂದೂವರೆ ನಿಮಿಷ ಉರಿಯಿತು. 56 ಕಿ.ಮೀ. ಎತ್ತರದಲ್ಲಿ ವಾಹನ ಬೇರೆಯಾಗಿ, ಇನ್ನೂ ಮೇಲಕ್ಕೆ ಹೋಗಿ ಸುಮಾರು 65 ಕಿ.ಮೀ. ಮುಟ್ಟಿ, ಮ್ಯಾಕ್ 5ರ ಆಸುಪಾಸಿನ ವೇಗದಲ್ಲಿ ದಟ್ಟ ಗಾಳಿಯೊಳಗೆ ಇಳಿಯಿತು. ಹಾರಾಟ ಪೂರ್ತಿ 13 ನಿಮಿಷಕ್ಕಿಂತ ಕಡಿಮೆ. ಶ್ರೀಹರಿಕೋಟಾದಿಂದ ಸುಮಾರು 450 ಕಿ.ಮೀ. ದೂರದಲ್ಲಿ ಬಂಗಾಳ ಕೊಲ್ಲಿಯ ನೀರಿಗೆ ಇಳಿದು ಮುಗಿಯಿತು. ಅದನ್ನು ಎತ್ತಿ ತರುವ ಯೋಜನೆ ಇರಲಿಲ್ಲ. ಬಿಸಿ ತಡೆಯುವ ಹೆಂಚುಗಳು ಕೆಲಸ ಮಾಡುತ್ತವೆಯೇ, ಅಷ್ಟು ವೇಗದಲ್ಲಿ ವಾಹನ ತನ್ನನ್ನು ತಾನು ಸಂಭಾಳಿಸಿಕೊಳ್ಳುತ್ತದೆಯೇ ಅಂತ ನೋಡಬೇಕಿತ್ತು, ನೋಡಿದರು, ಎರಡೂ ಸರಿಬಂದವು.

ಬಾಹ್ಯಾಕಾಶ 100 ಕಿ.ಮೀ.ಯಿಂದ ಶುರು ಅಂತ ಲೆಕ್ಕ. ಎತ್ತರಕ್ಕಿಂತ ಮುಖ್ಯವಾದದ್ದು ವೇಗ. ಕಕ್ಷೆಯಲ್ಲಿ ಸುತ್ತುವ ವಸ್ತುವಿನ ವೇಗ ಸೆಕೆಂಡಿಗೆ ಸುಮಾರು 7.8 ಕಿ.ಮೀ. ಮ್ಯಾಕ್ 5 ಅಂದರೆ ಸೆಕೆಂಡಿಗೆ ಸುಮಾರು ಒಂದೂವರೆ ಕಿ.ಮೀ. ವೇಗ ಐದು ಪಟ್ಟು ಹೆಚ್ಚಾದರೆ ಕಳೆಯಬೇಕಾದ ಶಕ್ತಿ ಐದು ಪಟ್ಟಲ್ಲ, 25 ಪಟ್ಟು. ಅಷ್ಟೂ ಶಕ್ತಿಯನ್ನು ಗಾಳಿಗೆ ಬಿಸಿಯಾಗಿ ಕೊಟ್ಟು, ತಾನು ಸುಡದೇ ಬರಬೇಕು. ಆದ್ದರಿಂದ 2016ರ ಹಾರಾಟ ಮೊದಲ ಮೆಟ್ಟಿಲು, ಗಟ್ಟಿಯಾದ ಮೆಟ್ಟಿಲು, ಆದರೆ ಕಕ್ಷೆಯಿಂದ ರೆಕ್ಕೆ ಹಚ್ಚಿಕೊಂಡು ಬರುವ ಕೆಲಸ ಇನ್ನೂ ಬಾಕಿ ಇದೆ. ರೆಕ್ಕೆ ಇಲ್ಲದೆ ಕಕ್ಷೆಯಿಂದ ವಾಪಸ್ ತಂದ ಅನುಭವ ಇಸ್ರೋಗೆ ಇದೆ. 2007ರ ಜನವರಿಯಲ್ಲಿ ಎಸ್‌ಆರ್‌ಇ-1 ಅನ್ನುವ 550 ಕೆ.ಜಿ.ಯ ಗೂಡು 12 ದಿನ ಸುತ್ತಿ ಬಂಗಾಳ ಕೊಲ್ಲಿಗೆ ಸುರಕ್ಷಿತವಾಗಿ ಇಳಿಯಿತು.

ಇದನ್ನೆಲ್ಲ ಬೇರೆಯವರು ಎಂದೋ ಮಾಡಿ ಮುಗಿಸಿದ್ದಾರಲ್ಲ?

ಹೌದು, ಅದನ್ನು ಒಪ್ಪಿಕೊಳ್ಳುವುದರಲ್ಲಿ ಸಂಕೋಚ ಬೇಡ. ಅಮೆರಿಕದ ಎಕ್ಸ್-15 ನನ್ನ ಅಚ್ಚುಮೆಚ್ಚಿನ ವಿಮಾನ. ಅಲ್ಲಿನ ಪೈಲಟ್ ಚಕ್ ಯೇಗರ್ ಮೊದಲ ಸಲ ಶಬ್ದದ ವೇಗ ದಾಟಿದ್ದು 1947ರ ಅಕ್ಟೋಬರ್ 14ರಂದು. ಅದಾದ ಹನ್ನೆರಡೇ ವರ್ಷಕ್ಕೆ ಎಕ್ಸ್-15 ಹಾರಲು ಶುರುವಾಯಿತು. ಬಿ-52 ಬಾಂಬರ್ ಅದನ್ನು ರೆಕ್ಕೆಯ ಕೆಳಗೆ ಕಟ್ಟಿಕೊಂಡು ಹೋಗಿ ಬಿಡುತ್ತಿತ್ತು, ಅದು ರಾಕೆಟ್ ಇಂಜಿನ್ ಹೊತ್ತಿಸಿ ಮೇಲೆ ನುಗ್ಗಿ, ಇಂಧನ ಮುಗಿದ ಮೇಲೆ ಸುಮ್ನೆ ತೇಲಿಕೊಂಡು ಮರುಭೂಮಿಯ ಒಣ ಕೆರೆಯ ಮೇಲೆ ಇಳಿಯುತ್ತಿತ್ತು. ಮೂರೇ ವಿಮಾನ, 1959ರಿಂದ 1968ರವರೆಗೆ 199 ಹಾರಾಟ. 1963ರಲ್ಲಿ ಜೋ ವಾಕರ್ ಸುಮಾರು 108 ಕಿ.ಮೀ. ಎತ್ತರಕ್ಕೆ ಹೋಗಿ ಬಂದರು. ಮರುಬಳಕೆಯ ಬಾಹ್ಯಾಕಾಶ ವಾಹನ ಅಂತ ಮೊದಲು ಕರೆಯಬೇಕಾದದ್ದು ಇದನ್ನೇ ಅಂತ ನನ್ನ ಅಭಿಪ್ರಾಯ.

1967ರ ಅಕ್ಟೋಬರ್ 3ರಂದು ಪೀಟ್ ನೈಟ್ ಮ್ಯಾಕ್ 6.7 ಮುಟ್ಟಿದರು. ಅವತ್ತು ಹೊಟ್ಟೆಯ ಕೆಳಗೆ ಹೊರಗಿನ ಗಾಳಿ ಬಳಸಿ ಉರಿಯುವ ಇಂಜಿನ್ನಿನ ಮಾದರಿ, ಒಂದು ಡಮ್ಮಿ ರ‍್ಯಾಮ್‌ಜೆಟ್ ಕಟ್ಟಿದ್ದರು. ಅದರ ಮೂತಿಯಿಂದ ಹೊರಟ ಆಘಾತದ ಅಲೆ ಅದನ್ನು ಹಿಡಿದಿದ್ದ ಕಂಬಕ್ಕೆ ಬಡಿದು, ಆ ಜಾಗ ಎಷ್ಟು ಬಿಸಿಯಾಯಿತೆಂದರೆ ಲೋಹ ತೂತಾಗಿ ರ‍್ಯಾಮ್‌ಜೆಟ್ಟೇ ಕಳಚಿ ಬಿತ್ತು. ನೈಟ್ ಬದುಕಿ ಬಂದರು, ಆ ವಿಮಾನ ಮತ್ತೆ ಹಾರಲಿಲ್ಲ. ಅದೇ ವರ್ಷ ನವೆಂಬರ್ 15ರಂದು ಇನ್ನೊಂದು ಎಕ್ಸ್-15 ಗಾಳಿಯಲ್ಲೇ ಒಡೆದು ಮೈಕಲ್ ಆ್ಯಡಮ್ಸ್ ಸತ್ತರು. ಚಿಕ್ಕ ಜಾಗದಲ್ಲಿ ಬಿಸಿ ಹೇಗೆ ಸೇರಿಕೊಳ್ಳುತ್ತದೆ ಅನ್ನುವುದನ್ನು ಇವತ್ತು ನಾವು ಕಂಪ್ಯೂಟರ್‌ನಲ್ಲಿ ಲೆಕ್ಕ ಹಾಕುತ್ತೇವೆ. ಅದರ ಹಿಂದೆ ಇಂಥ ಹಾರಾಟಗಳಿವೆ.

ಸ್ಪೇಸ್ ಶಟಲ್ ಮರುಬಳಕೆಯದ್ದೇ ಆಗಿತ್ತಲ್ಲ, ಯಾಕೆ ನಿಲ್ಲಿಸಿದರು?

1981ರಿಂದ 2011ರವರೆಗೆ 135 ಹಾರಾಟ. ಡಿಸ್ಕವರಿ ಒಂದೇ 39 ಸಲ ಹೋಗಿ ಬಂತು. ಆದರೆ ವಾಪಸ್ ಬಂದ ಪ್ರತಿ ಸಲವೂ ಸುಮಾರು 24,000 ಹೆಂಚುಗಳನ್ನು ಕೈಯಿಂದ ತಪಾಸಣೆ ಮಾಡಬೇಕು, ಇಂಜಿನ್ ಬಿಚ್ಚಿ ನೋಡಬೇಕು. ಒಂದೇ ಶಟಲ್‌ನ ಎರಡು ಹಾರಾಟಗಳ ನಡುವಿನ ಅತಿ ಕಡಿಮೆ ಅಂತರವೇ 54 ದಿನ, ಅದೂ 1985ರಲ್ಲಿ ಒಂದು ಸಲ ಮಾತ್ರ. ಸಾಮಾನ್ಯವಾಗಿ ತಿಂಗಳುಗಟ್ಟಲೆ ಹಿಡಿಯುತ್ತಿತ್ತು. ಒಂದು ಸಲ ಊರಿಗೆ ಹೋಗಿ ಬಂದ ಬಸ್ಸನ್ನು ಎರಡು ತಿಂಗಳು ಡಿಪೋದಲ್ಲಿ ಬಿಚ್ಚಿಟ್ಟರೆ ಟಿಕೆಟ್ ಅಗ್ಗವಾಗುವುದು ಹೇಗೆ?

ದುರಂತಗಳೂ ಆದವು. 1986ರಲ್ಲಿ ಚಾಲೆಂಜರ್, 2003ರಲ್ಲಿ ಕೊಲಂಬಿಯಾ. ಕೊಲಂಬಿಯಾದಲ್ಲಿ ಉಡಾವಣೆಯ ಹೊತ್ತಿಗೆ ಟ್ಯಾಂಕಿನಿಂದ ಕಿತ್ತುಬಂದ ಫೋಮ್ ತುಂಡು ಎಡ ರೆಕ್ಕೆಯ ಅಂಚಿಗೆ ಬಡಿದಿತ್ತು. 16 ದಿನ ಎಲ್ಲ ಚೆನ್ನಾಗಿಯೇ ನಡೆಯಿತು. ವಾಪಸ್ ಬರುವಾಗ ಆ ಜಾಗದಿಂದ ಬಿಸಿ ಒಳಗೆ ನುಗ್ಗಿತು. ಕಲ್ಪನಾ ಚಾವ್ಲಾ ಸೇರಿ ಏಳು ಜನರನ್ನು ಕಳೆದುಕೊಂಡೆವು. ಹೋಗುವುದಕ್ಕಿಂತ ವಾಪಸ್ ಬರುವುದು ಯಾಕೆ ಕಷ್ಟ ಅಂತ ಯಾರಾದರೂ ಕೇಳಿದರೆ ನನಗೆ ಮೊದಲು ನೆನಪಾಗುವುದು ಆ ಶನಿವಾರ.

ಅಮೆರಿಕದ ಸ್ಪೇಸ್‌ಎಕ್ಸ್ ಕಂಪನಿಯ ಫಾಲ್ಕನ್ 9 ರಾಕೆಟ್ ನೆಟ್ಟಗೆ ನಿಂತು ಇಳಿಯುತ್ತದೆ. ಇಸ್ರೋ ಯಾಕೆ ರೆಕ್ಕೆಯ ಹಿಂದೆ ಬಿದ್ದಿದೆ?

ಒಳ್ಳೆಯ ಪ್ರಶ್ನೆ. ಎರಡೂ ಮಾಡುವ ಕೆಲಸ ಬೇರೆ ಅನ್ನುವುದು ಮೊದಲ ಮಾತು. ಫಾಲ್ಕನ್ 9ರಲ್ಲಿ ವಾಪಸ್ ಬರುವುದು ಕೆಳಗಿನ ಹಂತ ಮಾತ್ರ. ಅದು ಕಕ್ಷೆಗೆ ಹೋಗುವುದೇ ಇಲ್ಲ. ಗಂಟೆಗೆ 6,000ದಿಂದ 8,000 ಕಿ.ಮೀ. ವೇಗದ ಆಸುಪಾಸಿನಲ್ಲಿ ಬೇರೆಯಾಗಿ, ತಿರುಗಿ, ಗಾಳಿಗೆ ಬರುವ ಮುಂಚೆ ಇಂಜಿನ್ ಹೊತ್ತಿಸಿ ವೇಗ ಕಳೆದುಕೊಂಡು, ಕೊನೆಗೆ ನೆಲದ ಹತ್ತಿರ ಮತ್ತೆ ಹೊತ್ತಿಸಿ ಇಳಿಯುತ್ತದೆ. ಆಗ ಒಂಬತ್ತರಲ್ಲಿ ಒಂದೇ ಇಂಜಿನ್ ಉರಿದರೂ ಅದರ ಬಲ ಖಾಲಿ ರಾಕೆಟ್ಟಿನ ತೂಕಕ್ಕಿಂತ ಜಾಸ್ತಿ. ಗಾಳಿಯಲ್ಲಿ ನಿಂತು ಯೋಚಿಸುವ ಹಾಗಿಲ್ಲ. ವೇಗ ಸೊನ್ನೆಯಾಗುವ ಕ್ಷಣ ಮತ್ತು ಕಾಲು ನೆಲ ಮುಟ್ಟುವ ಕ್ಷಣ ಒಂದೇ ಆಗಿರಬೇಕು. ಕೇಳುವುದಕ್ಕೇ ಮೈ ಜುಮ್ ಅನ್ನುತ್ತದೆ ಅಲ್ವಾ?

ಕಕ್ಷೆಗೆ ಉಪಗ್ರಹ ಒಯ್ದ ರಾಕೆಟ್ಟನ್ನು ಸ್ಪೇಸ್‌ಎಕ್ಸ್‌ನವರು ಹೀಗೆ ಮೊದಲು ಇಳಿಸಿದ್ದು 2015ರ ಡಿಸೆಂಬರ್‌ನಲ್ಲಿ. ಇಳಿದದ್ದನ್ನು ಮತ್ತೆ ಹಾರಿಸಿದ್ದು 2017ರ ಮಾರ್ಚ್‌ನಲ್ಲಿ. ಈಗ ಒಂದೇ ಬೂಸ್ಟರ್ 30 ಸಲಕ್ಕಿಂತ ಜಾಸ್ತಿ ಹಾರಿದೆ. ಇದು ಏಕಾಏಕಿ ಆದದ್ದಲ್ಲ. 1993ರಲ್ಲೇ ಡಿಸಿ-ಎಕ್ಸ್ ಅನ್ನುವ ಚಿಕ್ಕ ರಾಕೆಟ್ ನ್ಯೂ ಮೆಕ್ಸಿಕೋದಲ್ಲಿ ಎದ್ದು, ಪಕ್ಕಕ್ಕೆ ಸರಿದು, ನಿಂತ ಹಾಗೇ ಇಳಿದು ತೋರಿಸಿತ್ತು. 1996ರಲ್ಲಿ ಇಳಿಯುವಾಗ ಒಂದು ಕಾಲು ಬಿಚ್ಚಿಕೊಳ್ಳದೆ ಮಗುಚಿ ಸುಟ್ಟುಹೋಯಿತು, ಆಮೇಲೆ ದುಡ್ಡು ಬರಲಿಲ್ಲ, ಯೋಜನೆ ನಿಂತಿತು.

ಇನ್ನು ರೆಕ್ಕೆಯ ವಿಷಯ. ಕಕ್ಷೆಯಿಂದ ಬರುವ ಮೇಲಿನ ಹಂತಕ್ಕೆ ವೇಗವನ್ನೆಲ್ಲ ಇಂಜಿನ್‌ನಿಂದ ಕಳೆಯುವಷ್ಟು ಇಂಧನ ಒಯ್ಯಲು ಆಗುವುದಿಲ್ಲ, ಗಾಳಿಯನ್ನೇ ಬ್ರೇಕ್ ಮಾಡಿಕೊಳ್ಳಬೇಕು. ಅಲ್ಲಿ ರೆಕ್ಕೆಗೆ ಅರ್ಥವಿದೆ. ಕೆಳಗಿನ ಹಂತಕ್ಕೆ ನೆಟ್ಟಗೆ ಇಳಿಯುವುದೇ ಸರಿ ಅಂತ ನನಗನ್ನಿಸುತ್ತದೆ, ಇಸ್ರೋ ಕೂಡ ಮುಂದಿನ ದೊಡ್ಡ ರಾಕೆಟ್ಟಿಗೆ ಆ ದಾರಿಯನ್ನೇ ಹಿಡಿದಿದೆ.

ಮರುಬಳಕೆ ಮಾಡಿದರೆ ಪೂರ್ತಿ ಲಾಭವೇ?

ಇಲ್ಲ, ಕೊಡಬೇಕಾದ ಬೆಲೆ ಇದೆ. ವಾಪಸ್ ಬರಲು ಇಂಧನ ಉಳಿಸಿಕೊಳ್ಳಬೇಕು, ಕಾಲು, ರೆಕ್ಕೆ, ಹೆಂಚು ಎಲ್ಲ ಹೊರಬೇಕು. ಫಾಲ್ಕನ್ 9 ತನ್ನನ್ನು ಬಲಿಕೊಟ್ಟರೆ ಭೂಸ್ಥಿರ ವರ್ಗಾವಣೆ ಕಕ್ಷೆಗೆ (ಭೂಮಿಯಿಂದ ನೋಡಿದರೆ ಒಂದೇ ಕಡೆ ನಿಂತಂತೆ ಕಾಣುವ ಉಪಗ್ರಹಗಳು ಮೇಲೇರಲು ಹಿಡಿಯುವ ದಾರಿ) 8.3 ಟನ್ ಒಯ್ಯುತ್ತದೆ, ವಾಪಸ್ ಬರಬೇಕಾದರೆ ಸುಮಾರು 5.5 ಟನ್ ಮಾತ್ರ. ಮೂರನೇ ಒಂದು ಭಾಗ ಹೋಯಿತು. ಅದನ್ನು ತುಂಬಿಕೊಳ್ಳಬೇಕಾದರೆ ಪದೇ ಪದೇ ಹಾರಬೇಕು. ವರ್ಷಕ್ಕೆ ನಾಲ್ಕೈದು ಉಡಾವಣೆ ಮಾಡುವ ದೇಶಕ್ಕೆ ಲೆಕ್ಕ ಅಷ್ಟು ಸುಲಭವಾಗಿ ಕೂಡುವುದಿಲ್ಲ. ನಮ್ಮಲ್ಲಿ ರಾಕೆಟ್ ಇಳಿಸುವ ಬಗ್ಗೆ ಎಷ್ಟು ಮಾತು ನಡೆಯುತ್ತದೋ, ವರ್ಷಕ್ಕೆ ಎಷ್ಟು ಸಲ ಹಾರಿಸುತ್ತೇವೆ ಅನ್ನುವ ಬಗ್ಗೆಯೂ ಅಷ್ಟೇ ನಡೆಯಬೇಕು.

ಸ್ಕ್ರ್ಯಾಮ್‌ಜೆಟ್ ಇದಕ್ಕೆ ಹೇಗೆ ಸಂಬಂಧ?

ರಾಕೆಟ್ ಹೊರುವ ಭಾರದಲ್ಲಿ ಬಹುಪಾಲು ಇಂಧನವನ್ನು ಉರಿಸಲು ಬೇಕಾದ ಆಕ್ಸಿಜನ್‌ನದ್ದು. ಸುತ್ತ ಇರುವ ಗಾಳಿಯನ್ನೇ ಬಳಸಿಕೊಂಡರೆ ಎಷ್ಟೊಂದು ಉಳಿಯುತ್ತದೆ! ಸ್ಕ್ರ್ಯಾಮ್‌ಜೆಟ್ ಮಾಡುವುದು ಅದನ್ನೇ. ಕಷ್ಟ ಏನೆಂದರೆ ಇಂಜಿನ್ ಒಳಗೂ ಗಾಳಿ ಶಬ್ದಕ್ಕಿಂತ ವೇಗವಾಗಿ ಹರಿಯುತ್ತಿರುತ್ತದೆ. ಅದು ಒಳಗಿರುವುದು ಸೆಕೆಂಡಿನ ಸಾವಿರದ ಕೆಲವು ಭಾಗ. ಅಷ್ಟರಲ್ಲಿ ಇಂಧನ ಬೆರೆಯಬೇಕು, ಹೊತ್ತಿಕೊಳ್ಳಬೇಕು, ಉರಿದು ಮುಗಿಯಬೇಕು. ಇಸ್ರೋ 2016ರ ಆಗಸ್ಟ್ 28ರಂದು ಮ್ಯಾಕ್ 6ರಲ್ಲಿ ಐದು ಸೆಕೆಂಡ್ ಉರಿಸಿ ತೋರಿಸಿತು. ರಕ್ಷಣಾ ಸಂಶೋಧನಾ ಸಂಸ್ಥೆ ಡಿಆರ್‌ಡಿಒ 2020ರ ಸೆಪ್ಟೆಂಬರ್ 7ರಂದು 20 ಸೆಕೆಂಡಿಗಿಂತ ಹೆಚ್ಚು ಹೊತ್ತು ಹಾರಿಸಿತು. ಉಪಗ್ರಹ ಒಯ್ಯುವ ಕೆಲಸಕ್ಕೆ ಇದು ಬರಲು ಇನ್ನೂ ತುಂಬಾ ದಿನ ಬೇಕು.

ಚಳ್ಳಕೆರೆಯೇ ಯಾಕೆ?

ಬಯಲು ಪ್ರದೇಶ, ಜನ ಕಡಿಮೆ, ಮೋಡ ಮಳೆ ಕಡಿಮೆ, ಬೆಂಗಳೂರಿನಿಂದ ಕೆಲವೇ ಗಂಟೆಯ ದಾರಿ. ಅಲ್ಲಿರುವ ರನ್‌ವೇ ಡಿಆರ್‌ಡಿಒದ್ದು, ಪೈಲಟ್ ಇಲ್ಲದ ವಿಮಾನಗಳ ಪರೀಕ್ಷೆಗೆ ಮಾಡಿದ್ದು, 2017ರಲ್ಲಿ ಉದ್ಘಾಟನೆಯಾಯಿತು.

ಆದರೆ ಆ ನೆಲದ ಇನ್ನೊಂದು ಕಥೆಯನ್ನೂ ಹೇಳಬೇಕು. ಅದು ಅಮೃತಮಹಲ್ ಕಾವಲು. ಮೈಸೂರು ಅರಸರ ಕಾಲದ ಬೆಣ್ಣೆ ಚಾವಡಿಯ, ಅಂದರೆ ಅರಮನೆಯ ದನಗಳ ಇಲಾಖೆಯ, ದನಗಳು ಮೇಯುತ್ತಿದ್ದ ಹುಲ್ಲುಗಾವಲು. ಟಿಪ್ಪು ಕಾಲದಲ್ಲಿ ಅದಕ್ಕೆ ಅಮೃತಮಹಲ್ ಅನ್ನುವ ಹೆಸರು ಬಂತು. ಸೈನ್ಯದ ಫಿರಂಗಿಗಳನ್ನು ಎಳೆದುಕೊಂಡು ವೇಗವಾಗಿ ನಡೆಯುವುದಕ್ಕೆ ಹೆಸರಾದ ತಳಿ ಅದು. ಅಲ್ಲಿನ ಸಾವಿರಾರು ಎಕರೆಯನ್ನು ಸಂಸ್ಥೆಗಳಿಗೆ ಕೊಟ್ಟಾಗ ಸುತ್ತಲಿನ ಹಳ್ಳಿಗಳ ಕುರಿಗಾಹಿಗಳು, ದನ ಸಾಕುವವರು ಹಸಿರು ನ್ಯಾಯಮಂಡಳಿಯವರೆಗೂ ಹೋದರು. ಕುರಿ ಮೇಯಿಸಿ, ಕಂಬಳಿ ನೇಯ್ದು ಬದುಕುವವರಿಗೆ ಆ ಹುಲ್ಲು ಬರೀ ಖಾಲಿ ಜಾಗ ಆಗಿರಲಿಲ್ಲ. ಪುಷ್ಪಕ ಇಳಿದಾಗ ನಾನು ಕುಣಿದಾಡಿದ್ದು ನಿಜ, ಅವರಿಗೆ ಆದ ನಷ್ಟವೂ ನಿಜ. ಎರಡನ್ನೂ ಒಟ್ಟಿಗೆ ಹೇಳದಿದ್ದರೆ ನನಗೆ ಸಮಾಧಾನ ಇಲ್ಲ.

ಹೋಗಿ ನೋಡಬಹುದಾ?

ಇಲ್ಲ. ರಕ್ಷಣಾ ಪ್ರದೇಶ, ಬೇಲಿಯೊಳಗೆ ಸಾರ್ವಜನಿಕರಿಗೆ ಪ್ರವೇಶ ಇಲ್ಲ. ಶ್ರೀಹರಿಕೋಟಾದಲ್ಲಿ ಉಡಾವಣೆ ನೋಡಲು ಗ್ಯಾಲರಿ ಇದೆ, ಆನ್‌ಲೈನ್‌ನಲ್ಲಿ ಹೆಸರು ಕೊಟ್ಟು ಹೋಗಬಹುದು.

ಮುಂದೇನು?

ಪುಷ್ಪಕಕ್ಕಿಂತ ಸುಮಾರು 1.6 ಪಟ್ಟು ದೊಡ್ಡ ವಾಹನವನ್ನು ಈಗಿರುವ ಉಪಗ್ರಹ ಉಡಾವಣಾ ರಾಕೆಟ್ ಜಿಎಸ್‌ಎಲ್‌ವಿಯಿಂದ ಮಾಡಿದ ರಾಕೆಟ್ ಮೇಲೆ ಕೂರಿಸಿ ಕಕ್ಷೆಗೆ ಕಳಿಸಿ, ಅಲ್ಲಿಂದ ಇಳಿಸಿ, ರನ್‌ವೇ ಮೇಲೆ ನಿಲ್ಲಿಸುವುದು ಇಸ್ರೋದ ಯೋಜನೆ. ಆ 25 ಪಟ್ಟು ಶಕ್ತಿಯ ಪರೀಕ್ಷೆ ಆಗ ನಡೆಯುತ್ತದೆ. ಇನ್ನೊಂದು ಕಡೆ ಇಸ್ರೋದ ಮುಂದಿನ ದೊಡ್ಡ ರಾಕೆಟ್ ಎನ್‌ಜಿಎಲ್‌ವಿ. ಕೇಂದ್ರ ಸಂಪುಟ 2024ರ ಸೆಪ್ಟೆಂಬರ್‌ನಲ್ಲಿ ಇದಕ್ಕೆ 8,240 ಕೋಟಿ ರೂಪಾಯಿ ಮಂಜೂರು ಮಾಡಿದೆ. ಕೆಳಗಿನ ಹಂತ ವಾಪಸ್ ಬರುವ ಹಾಗೆ, ಭೂಮಿಗೆ ಹತ್ತಿರದ ಕಕ್ಷೆಗೆ 30 ಟನ್ ಒಯ್ಯುವ ಹಾಗೆ ಅದನ್ನು ಮಾಡಬೇಕು. ಅದಕ್ಕೆ ಎಂಟು ವರ್ಷದ ಗಡುವು.

ನನ್ನ ಮಗಳಿಗೆ ಈ ಕ್ಷೇತ್ರಕ್ಕೆ ಹೋಗುವ ಆಸೆ. ಏನು ಓದಬೇಕು?

ಏರೋಸ್ಪೇಸ್ ಅಂತ ಹೆಸರಿರುವ ಕೋರ್ಸೇ ಆಗಬೇಕಿಲ್ಲ. ಬಿಸಿ ತಡೆಯುವ ಹೆಂಚು ಮಾಡುವವರು ರಸಾಯನಶಾಸ್ತ್ರದವರು, ಲೋಹದ ಕೆಲಸದವರು. ಪುಷ್ಪಕವನ್ನು ರನ್‌ವೇ ನಡುಗೆರೆಗೆ ತಂದದ್ದು ಎಲೆಕ್ಟ್ರಾನಿಕ್ಸ್ ಮತ್ತು ಗಣಿತ. ಗಾಳಿಯ ಹರಿವೇ ಇಷ್ಟ ಅಂದರೆ ಬೆಂಗಳೂರಿಗಿಂತ ಒಳ್ಳೆಯ ಊರು ದೇಶದಲ್ಲಿ ಇಲ್ಲ. ಭಾರತದ ಮೊದಲ ಸೂಪರ್‌ಸಾನಿಕ್ ಗಾಳಿ ಸುರಂಗವನ್ನು (ಮಾದರಿಯನ್ನು ನಿಲ್ಲಿಸಿ ಅದರ ಮೇಲೆ ಜೋರು ಗಾಳಿ ಹಾಯಿಸುವ ಸುರಂಗ) ಸತೀಶ್ ಧವನ್ ಕಟ್ಟಿದ್ದು ಇಲ್ಲಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ. ಹೈಪರ್‌ಸಾನಿಕ್ ವೇಗದ ಆಘಾತ ಸುರಂಗಗಳೂ ಅಲ್ಲಿವೆ. ರಾಷ್ಟ್ರೀಯ ವೈಮಾನಿಕ ಪ್ರಯೋಗಾಲಯ ಎನ್‌ಎಎಲ್‌ನ 1.2 ಮೀಟರ್ ಸುರಂಗದಲ್ಲಿ 1960ರ ದಶಕದಿಂದ ನಮ್ಮ ರಾಕೆಟ್‌ಗಳ, ವಿಮಾನಗಳ ಮಾದರಿಗಳನ್ನು ಪರೀಕ್ಷೆ ಮಾಡುತ್ತಾ ಬಂದಿದ್ದಾರೆ. ವಿಜ್ಞಾನ ಸಂಸ್ಥೆ ವರ್ಷಕ್ಕೊಮ್ಮೆ ಸಾರ್ವಜನಿಕರಿಗೆ ಬಾಗಿಲು ತೆರೆಯುತ್ತದೆ. ಮಗಳನ್ನು ಕರೆದುಕೊಂಡು ಆವತ್ತು ಬೆಳಿಗ್ಗೆ ಬೇಗ ಹೋಗಿ, ಮಧ್ಯಾಹ್ನದ ಹೊತ್ತಿಗೆ ಕಾಲಿಡಲು ಜಾಗ ಇರುವುದಿಲ್ಲ.